ಗೇಟಿಗೆ ಅಂಟಿಸಿದ ಕಾಗದ

ಅಳಿಯಾ, ನೀನು ಮನೆಯವರ ಗುಂಪಿನಲ್ಲಿ ಹಾಕಿದ ಫೋಟೊವನ್ನು ಕನ್ನಡಕ ಒರೆಸಿಕೊಂಡು ಎರಡು ಸಲ ಓದಿದೆ. ಅಪ್ಪ ಜಾಮೀನು ನಿಂತ ಸಾಲಕ್ಕಾಗಿ ದಾವಣಗೆರೆ ಮನೆಯ ಗೇಟಿಗೆ ಬ್ಯಾಂಕಿನವರು ಕಾಗದ ಅಂಟಿಸಿ ಹೋದರು, ಮನೆ ಹರಾಜಾಗುತ್ತದೆ, ಅಪ್ಪ ನಿನ್ನೆಯಿಂದ ಊಟ ಬಿಟ್ಟಿದ್ದಾರೆ ಎಂದಿದ್ದೀಯ. ಬರೆಯುವಷ್ಟು ತಾಳ್ಮೆ ನನಗಿಲ್ಲ, ಮಾತಿನಲ್ಲೇ ಹೇಳುತ್ತೇನೆ. ಹಿಂದೆ ಕುಕ್ಕರ್ ಕೂಗಿದರೆ ಸಹಿಸಿಕೊಳ್ಳಿ.

ಮೊದಲು ಅಪ್ಪನಿಗೆ ಊಟ ಮಾಡಿಸು. ಅದು ಹರಾಜಿನ ನೋಟಿಸ್ ಅಲ್ಲ. ಮೇಲುಗಡೆ 13(2) ಎಂದಿದೆ ನೋಡು. ಅಡವಿಟ್ಟ ಆಸ್ತಿಯನ್ನು ಬ್ಯಾಂಕು ಕೋರ್ಟಿಗೆ ಹೋಗದೆಯೇ ಮಾರಿ ಬಾಕಿ ವಸೂಲು ಮಾಡಲು ಬಿಡುವ 2002ರ ಸರ್ಫೇಸಿ ಕಾಯ್ದೆಯಲ್ಲಿ ಅದು ಬಾಕಿ ಕಟ್ಟಿ ಎಂದು ಕೇಳುವ ಮೊದಲ ಕಾಗದ, 60 ದಿನದ ಗಡುವು. ಅದು ಮುಗಿದ ಮೇಲೆ ಸ್ವಾಧೀನದ ನೋಟಿಸ್, ಪತ್ರಿಕೆಯಲ್ಲಿ ಪ್ರಕಟಣೆ, ಆಮೇಲೆ ಮಾರಾಟಕ್ಕೆ 30 ದಿನದ ನೋಟಿಸ್. ಚಿತ್ರದುರ್ಗದ ಬ್ಯಾಂಕಿನಲ್ಲಿ ಸಾಲದ ವಿಭಾಗದಲ್ಲಿದ್ದಾಗ ಇಂಥ ಕಾಗದಗಳನ್ನು ನಾನೇ ಟಪಾಲಿಗೆ ಹಾಕಿದ್ದೇನೆ. ಬಾಗಿಲು ಹಾಕಿಕೊಂಡು ಕುಳಿತವರ ಗಡುವಿನ ದಿನಗಳೂ ಉರುಳುತ್ತಲೇ ಇದ್ದವು. ಆದ್ದರಿಂದ ‘ಟಪಾಲು ತೆಗೆದುಕೊಳ್ಳದೆ ವಾಪಸ್ ಕಳಿಸಿ’ ಎಂದು ಇಲ್ಲಿ ಬುದ್ಧಿ ಹೇಳಿದ ಹಿರಿಯರು ದಯವಿಟ್ಟು ಸುಮ್ಮನಿರಬೇಕು.

‘ಸಾಲ ಮಾಡಿದವರ ಆಸ್ತಿ ಮೊದಲು ಮಾರಲಿ, ಜಾಮೀನುದಾರನ ಸರದಿ ಆಮೇಲೆ’ ಎಂದೂ ಯಾರೋ ಹೇಳಿದರು. ನಿಮ್ಮಪ್ಪ ಹಾಗೆ ನಂಬಿಯೇ ಷಡ್ಡಕನ ಮಂಡಕ್ಕಿ ಭಟ್ಟಿಯ ಯಂತ್ರದ ಸಾಲಕ್ಕೆ ಸಹಿ ಹಾಕಿದ್ದು. ಕಾನೂನಿನಲ್ಲಿ ಅಂಥ ಸರದಿ ಇಲ್ಲವಪ್ಪ. 1872ರ ಕರಾರು ಕಾಯ್ದೆಯ 128ನೇ ಸೆಕ್ಷನ್ ಪ್ರಕಾರ, ಒಪ್ಪಂದದಲ್ಲಿ ಬೇರೆ ಏನೂ ಬರೆದಿಲ್ಲದಿದ್ದರೆ, ಸಾಲಗಾರನಿಗೆ ಎಷ್ಟು ಹೊಣೆಯೋ ಜಾಮೀನುದಾರನಿಗೂ ಅಷ್ಟೇ. ಸಾಲಗಾರನನ್ನು ಹಿಡಿದು ಮುಗಿಸಿ ಆಮೇಲೆ ಜಾಮೀನುದಾರನ ಬಳಿ ಬನ್ನಿ ಎನ್ನಲಾಗದು ಎಂದು ಸುಪ್ರೀಂ ಕೋರ್ಟ್ 1969ರಲ್ಲೇ ಹೇಳಿದೆ.

ಈಗ ನಿಜವಾದ ಪ್ರಶ್ನೆ. ಅಪ್ಪ ಬರೀ ಸಹಿ ಹಾಕಿದರೋ, ಮನೆಯ ಪತ್ರವನ್ನೂ ಕೊಟ್ಟರೋ? ಬೀರು ತೆಗೆದು ಮೂಲ ಕ್ರಯಪತ್ರ ಇದೆಯೇ ನೋಡು. ಜೆರಾಕ್ಸ್ ಅಲ್ಲ, ಮೂಲ. ಮನೆ ಅಡಮಾನವಾಗಿಲ್ಲದಿದ್ದರೆ ಈ ಕಾಯ್ದೆಯಡಿ ಅದನ್ನು ಮುಟ್ಟುವಂತಿಲ್ಲ. ಬ್ಯಾಂಕಿನವರೇ, ಬಾಕಿ 20 ಲಕ್ಷಕ್ಕೆ ಕಡಿಮೆಯಿದ್ದರೆ ಸಿವಿಲ್ ಕೋರ್ಟಿಗೆ, ಇಲ್ಲವಾದರೆ ಋಣ ವಸೂಲಾತಿ ನ್ಯಾಯಮಂಡಳಿಗೆ ಹೋಗಿ ಆದೇಶ ತರಬೇಕು. ಅಡಮಾನವಾಗಿದ್ದರೆ ಮಾತೇ ಬೇರೆ. ಚನ್ನಗಿರಿಯ ತೋಟದ ಚಿಂತೆ ಬಿಡು, ಕೃಷಿ ಭೂಮಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ.

ಗಡುವಿನೊಳಗೆ ಲಿಖಿತ ಆಕ್ಷೇಪಣೆ ಕೊಡಬೇಕು. ಕೊಟ್ಟರೆ ಬ್ಯಾಂಕು 15 ದಿನದಲ್ಲಿ ಉತ್ತರಿಸಲೇಬೇಕು. ಅಪ್ಪನಿಗೆ ತಿಳಿಸದೆ ನಡುವೆ ಸಾಲ ಹೆಚ್ಚಿಸಿದ್ದರೆ ಅದನ್ನೂ ಬರೆಯೋಣ, ಆದರೆ ಅದನ್ನೇ ನೆಚ್ಚಿಕೊಳ್ಳಬೇಡ. ಹಾಗೆ ಆಕ್ಷೇಪಿಸುವ ಹಕ್ಕನ್ನು ಜಾಮೀನುದಾರ ಮೊದಲೇ ಬಿಟ್ಟುಕೊಟ್ಟಂತೆ ಬರೆಸಿಕೊಳ್ಳುವ ವಾಕ್ಯವೊಂದು ಅಚ್ಚಾದ ಒಪ್ಪಂದಗಳಲ್ಲಿ ಸಾಮಾನ್ಯವಾಗಿ ಇರುತ್ತದೆ. ಸ್ವಾಧೀನದವರೆಗೆ ಹೋದರೆ 45 ದಿನದೊಳಗೆ ಬೆಂಗಳೂರಿನ ನ್ಯಾಯಮಂಡಳಿಯಲ್ಲಿ ಅರ್ಜಿ ಹಾಕಬೇಕು. ಅಲ್ಲಿಯವರೆಗೆ ಬಿಡುವುದು ಬೇಡ. ಬಾಕಿ ತೀರಿಸಿ ಮನೆ ಬಿಡಿಸಿಕೊಳ್ಳುವ ಹಕ್ಕು ಹರಾಜಿನ ಪ್ರಕಟಣೆ ಹೊರಬೀಳುವವರೆಗೆ ಮಾತ್ರ. 2016ರ ತಿದ್ದುಪಡಿಗೆ ಮೊದಲು ಮಾರಾಟದ ದಿನದವರೆಗೂ ಸಮಯವಿತ್ತು.

ದೊಡ್ಡ ಭಾವನವರೇ, ನೀವೂ ಈ ಗುಂಪಿನಲ್ಲಿದ್ದೀರಿ, ಕೇಳಿಸಿಕೊಳ್ಳುತ್ತಿದ್ದೀರಿ ಎಂದು ಗೊತ್ತಿದ್ದೇ ಹೇಳುತ್ತಿದ್ದೇನೆ. ಜಾಮೀನು ನಿಂತ ಇವನ ಅಪ್ಪ ಕಟ್ಟಿದ ಪ್ರತಿ ರೂಪಾಯಿಯನ್ನೂ ಸಾಲ ಮಾಡಿದ ನಿಮ್ಮಿಂದ ವಸೂಲು ಮಾಡುವ ಹಕ್ಕು ಅವರಿಗಿದೆ, ಅದು ಅದೇ ಕರಾರು ಕಾಯ್ದೆಯ 145ನೇ ಸೆಕ್ಷನ್. ಷಡ್ಡಕರಿಬ್ಬರೂ ಕೋರ್ಟು ಹತ್ತಿದರೆ ನನ್ನ ಇಬ್ಬರು ಅಕ್ಕಂದಿರು ಯಾರ ಮನೆಯ ಹಬ್ಬಕ್ಕೆ ಹೋಗಬೇಕು? ಭಟ್ಟಿಯ ಯಂತ್ರ ನಿಂತು ವರ್ಷವಾಯಿತು. ಅದನ್ನು ಬ್ಯಾಂಕಿನ ಒಪ್ಪಿಗೆ ಪಡೆದು ಮಾರಿ, ಒಂದೇ ಕಂತಿನ ತೀರುವಳಿಗೆ ಕೇಳೋಣ.

ಭಾನುವಾರ ಮೊದಲ ಬಸ್ಸಿಗೆ ದುರ್ಗದಿಂದ ಹೊರಡುತ್ತೇನೆ. ಸಾಲದ ಖಾತೆಯ ವಿವರ, ಯಂತ್ರದ ಬಿಲ್ಲು, ಮಂಜೂರಾತಿ ಪತ್ರ ಎಲ್ಲ ತನ್ನಿ. ಅಕ್ಕನನ್ನು ಕಳಿಸಬೇಡಿ ಭಾವ, ನೀವೇ ಬನ್ನಿ.