‘ಕ್ವೇಕಾ ಸೋಲಾ’ಕ್ಕೆ ಕನ್ನಡದಲ್ಲಿ ಏನನ್ನೋಣ? ‘ದೆಸಾಪರೆಸಿದೋಸ್’ಗೆ ‘ಕಾಣೆಯಾದವರು’ ಸರಿಯಾ?

ಗೆಳೆಯರೇ,

ಚಿಲಿ ದೇಶದ ಒಂದು ಕುಣಿತದ ಬಗ್ಗೆ ಬರೆಯಲು ಕೂತು ಎರಡು ಪದಗಳಲ್ಲಿ ಸಿಕ್ಕಿಹಾಕಿಕೊಂಡಿದ್ದೇನೆ.

ಕ್ವೇಕಾ ಅಲ್ಲಿನ ಜೋಡಿ ಕುಣಿತ. ಗಂಡು ಹೆಣ್ಣು ಇಬ್ಬರೂ ಕರ್ಚೀಫು ಬೀಸುತ್ತಾ ಒಬ್ಬರನ್ನೊಬ್ಬರು ಸುತ್ತುತ್ತಾರೆ. 1973ರಲ್ಲಿ ಜನರಲ್ ಪಿನೊಚೆಟ್ ಅಧಿಕಾರ ಕಿತ್ತುಕೊಂಡ ಮೇಲೆ ಪೊಲೀಸರು, ಸೈನಿಕರು ಹಿಡಿದೊಯ್ದ ಸಾವಿರಕ್ಕೂ ಹೆಚ್ಚು ಜನ ಮತ್ತೆ ಮನೆಗೆ ಬರಲೇ ಇಲ್ಲ. 1978ರ ಮಾರ್ಚ್ 8ರಂದು ಅವರ ಮನೆಯ ಹೆಂಗಸರು ಸ್ಯಾಂಟಿಯಾಗೊದ ಕೌಪೊಲಿಕಾನ್ ರಂಗಮಂದಿರದಲ್ಲಿ ವೇದಿಕೆ ಹತ್ತಿದರು. ಬಿಳಿ ರವಿಕೆ, ಕಪ್ಪು ಲಂಗ, ಎದೆಯ ಮೇಲೆ ಫೋಟೊ. ಗಿಟಾರಿನ ತಾಳ ಅದೇ, ಹೆಜ್ಜೆಯೂ ಅದೇ. ಆದರೆ ಒಬ್ಬಾಕೆ ಕರ್ಚೀಫು ಬೀಸುತ್ತಾ ಯಾರೂ ಇಲ್ಲದ ಜಾಗವನ್ನು ಸುತ್ತಿ ಬಂದಳು. ಇದು ಕ್ವೇಕಾ ಸೋಲಾ. (ಮರುವರ್ಷ ಅದೇ ಸರ್ಕಾರ ಕ್ವೇಕಾವನ್ನು ರಾಷ್ಟ್ರೀಯ ನೃತ್ಯ ಅಂತ ಘೋಷಿಸಿತು!)

‘ಒಂಟಿ ಕುಣಿತ’ ಅನ್ನೋಣ ಅಂದರೆ ನನಗೆ ಸುಮ್ನೆ ಸಲಗ ನೆನಪಾಗುತ್ತದೆ. ಸ್ಪ್ಯಾನಿಷ್‌ನಲ್ಲಿ ಕ್ವೇಕಾ ಸ್ತ್ರೀಲಿಂಗ. ಹಾಗಾಗಿ ‘ಸೋಲಾ’ (‘ಒಂಟಿ’ಯ ಸ್ತ್ರೀಲಿಂಗ ರೂಪ) ಅಂದಾಗ ಒಂಟಿಯಾದದ್ದು ಕುಣಿತವೂ ಹೌದು, ಕುಣಿಯುವವಳೂ ಹೌದು. ಸದ್ಯಕ್ಕೆ ‘ಜೋಡಿಯಿಲ್ಲದ ಕುಣಿತ’ ಅಂತ ಇಟ್ಟಿದ್ದೇನೆ. ಎದುರಿನ ಖಾಲಿ ಜಾಗವಾದರೂ ಅದರಲ್ಲಿ ಕಾಣುತ್ತದೆ.

ಜಾಸ್ತಿ ಕಾಡಿದ್ದು ಎರಡನೆಯದು, ‘ದೆಸಾಪರೆಸಿದೋಸ್’. ಹೀಗೆ ಹಿಡಿದೊಯ್ದ ಮೇಲೆ ಮನೆಗೆ ಬಾರದವರಿಗೆ ಅಲ್ಲಿನವರು ಹೇಳುವ ಪದ. ‘ಕಾಣೆಯಾದವರು’ ಅಂದರೆ ಜಾತ್ರೆಯಲ್ಲಿ ತಪ್ಪಿಸಿಕೊಂಡ ಹಾಗೆ, ತಾವಾಗಿಯೇ ಎಲ್ಲೋ ಹೋದ ಹಾಗೆ ಕೇಳುತ್ತದೆ, ಅಲ್ವಾ? ‘ನಾಪತ್ತೆ’ ಅಂದರೆ ಓಡಿಹೋದ ಅನುಮಾನವೂ ಸೇರಿಕೊಳ್ಳುತ್ತದೆ. ಆ ಸರ್ಕಾರಕ್ಕೆ ಬೇಕಾಗಿದ್ದೂ ಅದೇ. 1975ರಲ್ಲಿ ಹೀಗೆ ಒಯ್ದಿದ್ದ 119 ಜನರ ಹೆಸರು ಪತ್ರಿಕೆಗಳಲ್ಲಿ ಬಂತು: ಹೊರದೇಶದಲ್ಲಿ ತಮ್ಮತಮ್ಮಲ್ಲೇ ಹೊಡೆದಾಡಿ ಸತ್ತರು ಅಂತ. ಹಸಿ ಸುಳ್ಳು. ಅಲ್ಲಿನ ಜನ ತಮ್ಮ ಭಾಷೆಯ ವ್ಯಾಕರಣವನ್ನೇ ಬಗ್ಗಿಸಿ ‘ಅವನನ್ನು ಕಾಣೆಯಾಗಿಸಿದರು’ ಅನ್ನುವಂತೆ ಮಾತಾಡತೊಡಗಿದರು. ನಮ್ಮಲ್ಲಿ ‘-ಇಸು’ ಸಲೀಸಾಗಿ ಸಿಗುತ್ತದೆ. ಆದರೂ ‘ಕಾಣೆಯಾಗಿಸಿದರು’ ಕಿವಿಗೆ ಹೊಸದು. ‘ಮಾಯ ಮಾಡಿದರು’ ಅಂದರೆ ಜಾದೂ ಆಟ ಆಗಿಬಿಡುತ್ತದೆ.

ಇನ್ನೊಂದು ಕಡೆ ‘ಕಾಣೆ’ಯನ್ನು ಬಿಡಲೂ ಮನಸ್ಸಿಲ್ಲ. ‘ಅವನನ್ನು ಎಲ್ಲೂ ಕಾಣೆ’ ಅಂದರೆ ‘ನಾನು ಕಾಣಲಿಲ್ಲ’ ಅಂತಲೇ ಅರ್ಥ. ಹುಡುಕುತ್ತಿರುವವಳ ಮಾತು ಅದರಲ್ಲಿದೆ.

‘ಕಾಣೆಯಾಗಿಸಿದವರು’ ಅಂದರೆ ಮಾಡಿದವರೋ, ಅನುಭವಿಸಿದವರೋ ಅನ್ನೋ ಗೊಂದಲ ಬೇರೆ ಇದೆ. ನಿಮ್ಮ ಕಡೆ ಮಾತಿನಲ್ಲಿ ಇದಕ್ಕೆ ಒಪ್ಪುವ ಪದ ಇದ್ದರೆ ಹೇಳಿ.