ಮನೆಗೆ ಪಾಲಿಕೆಯ ನೋಟಿಸ್ ಬಂದಿದೆ, ಅನುಭವ ಇದ್ದವರು ತಿಳಿಸಿ

ಬಳ್ಳಾರಿಯಲ್ಲಿ ಮನೆಯ ಮೇಲಂತಸ್ತು ಕಟ್ಟಿಸುತ್ತಿದ್ದೇವೆ. ಪಕ್ಕದಲ್ಲಿ ಖಾಲಿ ಬಿಡಬೇಕಾದ ಸೆಟ್‌ಬ್ಯಾಕ್ ಜಾಗದಲ್ಲಿ ಮೆಟ್ಟಿಲು ಬಂದಿದೆ ಎಂದು ಪಾಲಿಕೆ ಕಾಯ್ದೆಯ 321ನೇ ಕಲಂ ಅಡಿಯಲ್ಲಿ ನೋಟಿಸ್ ಬಂದಿದೆ. ನೇರವಾಗಿ ಹೈಕೋರ್ಟಿಗೆ ಹೋಗಬಹುದೇ?

ಉತ್ತರ, ಬಳ್ಳಾರಿಯಿಂದ:
ಅಣ್ಣಾ, ಕೋರ್ಟಿನ ಮಾತು ಆಮೇಲೆ. ಮೊದಲು ನೋಟಿಸಿಗೆ ಲಿಖಿತ ಉತ್ತರ ಬರೆದು ಆವಕ ವಿಭಾಗದಲ್ಲಿ ಕೊಡಿ, ನಿಮ್ಮ ಪ್ರತಿಯ ಮೇಲೆ ಮೊಹರು ಮತ್ತು ದಿನಾಂಕ ಹಾಕಿಸಿಕೊಳ್ಳಿ. ನಾವು ಇದನ್ನು ಮಾಡದೆ ಕೆಟ್ಟೆವು. ತಂದೆಯವರು ಕಚೇರಿಗೆ ಹೋಗಿ ಬಾಯಿಮಾತಿನಲ್ಲಿ ವಿವರಿಸಿ ಬಂದು ನಿಶ್ಚಿಂತರಾಗಿದ್ದರು. ಕಡತದಲ್ಲಿ ಮಾತ್ರ "ಉತ್ತರ ಬಂದಿಲ್ಲ" ಎಂದೇ ಇತ್ತು.

1976ರ ಮಹಾನಗರ ಪಾಲಿಕೆಗಳ ಕಾಯ್ದೆಯಲ್ಲಿ ಮೊದಲು ಬರುವುದು ತಾತ್ಕಾಲಿಕ ಆದೇಶ ಮತ್ತು ಕಾರಣ ಕೇಳುವ ನೋಟಿಸ್. ನಿಮ್ಮ ಉತ್ತರ ನೋಡಿದ ಮೇಲೆ 321(3)ರ ಅಡಿ ಅದನ್ನು ಸ್ಥಿರೀಕರಿಸುತ್ತಾರೆ. ನಿಮ್ಮ ಕೈಯಲ್ಲಿರುವುದು ಯಾವುದು ಎಂದು ಉಪಕಲಂ ಓದಿ ನೋಡಿ. ಸ್ಥಿರೀಕರಣವಾದರೆ 443ಎ ಕಲಂ ಪ್ರಕಾರ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿಗೆ ಹೋಗಬೇಕು. ನಾವು ಅದನ್ನು ಬಿಟ್ಟು ಹುಬ್ಬಳ್ಳಿ ರೈಲು ಹತ್ತಿ ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ ಹಾಕಿದೆವು. "ಮೇಲ್ಮನವಿಯ ದಾರಿ ಇರುವಾಗ ಇಲ್ಲಿಗೇಕೆ ಬಂದಿರಿ" ಎಂದು ಹಿಂದೆ ಕಳಿಸಿದರು. ವಕೀಲರ ಶುಲ್ಕ, ಅಲೆದಾಟ, ಎಲ್ಲಕ್ಕಿಂತ ಹೆಚ್ಚಾಗಿ ಗಡುವಿನ ದಿನಗಳು ಹೋದವು. ಅಮ್ಮ ಆ ತಿಂಗಳು ನೆಟ್ಟಗೆ ನಿದ್ದೆ ಮಾಡಲಿಲ್ಲ. ಅಹವಾಲು ಹೇಳಲು ಅವಕಾಶವನ್ನೇ ಕೊಡದಿದ್ದರೆ ರಿಟ್ ನಡೆಯಬಹುದು, ಆದರೆ ಅದು ನಿಮ್ಮ ಪ್ರಕರಣವೇ ಎಂದು ವಕೀಲರ ಬಾಯಿಂದ ಕೇಳಿಕೊಂಡೇ ಹೊರಡಿ.

ನ್ಯಾಯಮಂಡಳಿಯಲ್ಲಿ ತಡೆಯಾಜ್ಞೆಗೆ ಪ್ರತ್ಯೇಕ ಅರ್ಜಿ ಹಾಕಬೇಕು. ಮೇಲ್ಮನವಿ ಸಲ್ಲಿಸಿದ ಮಾತ್ರಕ್ಕೆ ತೆರವು ನಿಲ್ಲುವುದಿಲ್ಲ. ನಮಗೆ ತಡೆ ಸಿಕ್ಕಿತು, ಮತ್ತೆ ಅಳತೆ ಮಾಡಿಸುವಂತೆ ಆದೇಶವೂ ಆಯಿತು. ಕೊನೆಗೆ ನಕ್ಷೆ ಮೀರಿದ ಭಾಗವನ್ನು ನಾವೇ ಒಡೆಸಿದೆವು, ಉಳಿದದ್ದು ಉಳಿಯಿತು.

ಉತ್ತರ, ರಾಯಚೂರಿನಿಂದ:
ಸುಪ್ರೀಂ ಕೋರ್ಟ್ ಕಟ್ಟಡ ತೆರವಿನ ಬಗ್ಗೆ 2024ರ ನವೆಂಬರ್ 13ರಂದು ಕೊಟ್ಟ ತೀರ್ಪನ್ನು ನಿಮ್ಮ ಉತ್ತರದಲ್ಲಿ ಉಲ್ಲೇಖಿಸಿ. ನೋಟಿಸಿಗೆ ಕನಿಷ್ಠ 15 ದಿನ ಕೊಡಬೇಕು, ಖುದ್ದು ವಿಚಾರಣೆ ನಡೆಸಬೇಕು, ಅಂತಿಮ ಆದೇಶದ ನಂತರವೂ 15 ದಿನ ಕಾಯಬೇಕು, ತೆರವನ್ನು ವಿಡಿಯೊ ಚಿತ್ರೀಕರಿಸಬೇಕು. ರಸ್ತೆ, ಪಾದಚಾರಿ ಮಾರ್ಗ, ಕೆರೆ ಒತ್ತುವರಿಗೆ ಈ ರಕ್ಷಣೆ ಇಲ್ಲ. ಮೆಟ್ಟಿಲು ನಿಮ್ಮ ನಿವೇಶನದೊಳಗೇ ಇದೆಯೇ ಎಂದು ಇಂದೇ ಅಳೆದು ನೋಡಿ. ಇನ್ನು ಅಕ್ರಮ-ಸಕ್ರಮವನ್ನು ನೆಚ್ಚಿಕೊಂಡು ಕೂರಬೇಡಿ, ಅದಕ್ಕೆ 2017ರಲ್ಲೇ ಸುಪ್ರೀಂ ಕೋರ್ಟ್ ತಡೆ ನೀಡಿದೆ. ನಮ್ಮ ಜಿಲ್ಲೆಯವರಿಗೆ ಹೈಕೋರ್ಟ್ ಎಂದರೆ ಕಲಬುರಗಿ ಪೀಠ, ನಿಮಗೆ ಧಾರವಾಡ.

ಉತ್ತರ, ಕೊಪ್ಪಳದಿಂದ:
ಇದನ್ನು ಓದುವ ನಮ್ಮೂರಿನವರಿಗೆ ಒಂದು ಮಾತು. ಕೊಪ್ಪಳದಲ್ಲಿರುವುದು ನಗರಸಭೆ, ಅದಕ್ಕೆ 1964ರ ಪುರಸಭೆಗಳ ಕಾಯ್ದೆ ಅನ್ವಯಿಸುತ್ತದೆ. ಮೇಲಿನ ಕಲಂಗಳನ್ನು ಹಾಗೆಯೇ ನಕಲು ಮಾಡಿ ಉತ್ತರ ಬರೆಯಬೇಡಿ.

ಕೇಳಿದವರು:
ಎಲ್ಲರಿಗೂ ಕೃತಜ್ಞತೆಗಳು. ನೋಟಿಸ್ ತೆಗೆದು ನೋಡಿದೆ, 321(2) ಎಂದಿದೆ, ಅಂದರೆ ಕಾರಣ ಕೇಳುವ ನೋಟಿಸ್. ಮೆಟ್ಟಿಲಿನ ಕೆಲಸ ನಿಲ್ಲಿಸಿದ್ದೇನೆ. ನಾಳೆ ಬೆಳಿಗ್ಗೆ ಮಂಜೂರಾದ ನಕ್ಷೆಯೊಂದಿಗೆ ವಕೀಲರನ್ನು ಕಂಡು ಉತ್ತರ ಬರೆಸುತ್ತೇನೆ.