ಅಪ್‌ಡೇಟ್: ಅಣ್ಣನ ಆಕ್ಸಿಡೆಂಟ್ ಕೇಸ್ ಆರ್ಡರ್ ಬಂತು

ಹೋದ ಸಲ ಕೇಳಿದ್ದೆ, ದಾವಣಗೆರೆಲಿ ಆಟೋ ಓಡಿಸೋ ನಮ್ಮಣ್ಣಂಗೆ ಲಾರಿ ಗುದ್ದಿ ಬಲಮಂಡಿ ಮಡಚಕ್ಕೇ ಆಗ್ತಿಲ್ಲ, ಡಾಕ್ಟ್ರು ಸರ್ಟಿಫಿಕೇಟಲ್ಲಿ ಅಂಗವೈಕಲ್ಯ ಕಾಲಿಗೆ 40%, ಇಡೀ ದೇಹಕ್ಕೆ 13% ಅಂತ ಬರ್ದಿದಾರೆ, ಇನ್ಶೂರೆನ್ಸ್‌ನೋರು 13ರ ಲೆಕ್ಕಕ್ಕೇ ರಾಜಿ ಆಗಿ ಅಂತಾರೆ, ಒಪ್ಪಬೇಕಾ ಅಂತ. ಒಪ್ಪಲಿಲ್ಲ, ಬೇಡ ಅಂದೋರಿಗೆಲ್ಲ ಕೈ ಮುಗೀತೀನಿ.

ವಕೀಲ್ರು ರಾಜ್‌ಕುಮಾರ್ ವರ್ಸಸ್ ಅಜಯ್ ಕುಮಾರ್ ಅನ್ನೋ ಸುಪ್ರೀಂ ಕೋರ್ಟ್ ತೀರ್ಪು ಇಟ್ರು. ಸರ್ಟಿಫಿಕೇಟಿನ ಪರ್ಸೆಂಟೇ ದುಡಿಮೆ ನಷ್ಟದ ಪರ್ಸೆಂಟ್ ಅಲ್ಲ, ಆ ಮನುಷ್ಯ ತನ್ನ ಕೆಲ್ಸ ಇನ್ನು ಮಾಡಬಲ್ಲನಾ ಅಂತ ನೋಡ್ಬೇಕು ಅಂತ ಅದ್ರಲ್ಲಿ ಐತೆ. ಆಟೋ ಬ್ರೇಕ್ ಇರೋದೇ ಬಲಗಾಲಿಗೆ, ಡಾಕ್ಟ್ರು ಸಾಕ್ಷಿಗೆ ಬಂದು ಇವ್ರು ಬ್ರೇಕ್ ಒತ್ತಕ್ಕಾಗಲ್ಲ ಅಂದಿದ್ದೇ ದೊಡ್ಡದಾತು.

ಜಡ್ಜ್ ದುಡಿಮೆ ನಷ್ಟ 50% ಅಂತ ಹಿಡಿದ್ರು. ಲೆಕ್ಕ ಹಿಂಗೆ: ತಿಂಗಳಿಗೆ 15,000, ವಯಸ್ಸು 38 ಅಂತ ಮುಂದಿನ ದುಡಿಮೆಗೆ 40% ಸೇರ್ಸಿ 21,000, ವರ್ಷಕ್ಕೆ 2,52,000, ಅದನ್ನ ಆ ವಯಸ್ಸಿನ ಗುಣಕ (ಎಷ್ಟರಿಂದ ಗುಣಿಸ್ಬೇಕು ಅನ್ನೋ ಸಂಖ್ಯೆ) 15ರಿಂದ ಗುಣಿಸಿ, ಅದ್ರಲ್ಲಿ ಅರ್ಧ ಅಂದ್ರೆ 18,90,000. 13% ಆಗಿದ್ರೆ 4,91,400 ಅಷ್ಟೇ! ಆಸ್ಪತ್ರೆ ಬಿಲ್ಲು, ನೋವಿನ ಪರಿಹಾರ, ಬಡ್ಡಿ ಬೇರೆ.

ಇನ್ಶೂರೆನ್ಸ್‌ನೋರು ಹೈಕೋರ್ಟಿಗೆ ಅಪೀಲ್ ಹೋಗ್ತಾರೋ ಏನೋ. ಅಣ್ಣ ಮಾತ್ರ ಆಟೋ ಮಾರಕ್ಕೆ ಬಿಡ್ತಿಲ್ಲ, ಬೆಳಿಗ್ಗೆ ಎದ್ದು ಒರೆಸ್ತಾನೆ, ನೋಡಕ್ಕಾಗಲ್ಲ.